‘ನಾಳೆ ಟ್ಯೂಬ್ ತೆಗೆಯುತ್ತಾರೆ’: ಎಕ್ಸ್‌ಟ್ಯುಬೇಷನ್ ಎಂಬ ಪದದ ಅರ್ಥ ಮತ್ತು ಬಳಕೆ

(ಕ್ರ್ಯಾನ್‌ಬರಿಯಲ್ಲಿ ಸೇರಿದ್ದ ನಮ್ಮ ಕೂಟದ ಸಭೆಯಲ್ಲಿ ಅತಿಥಿ ವೈದ್ಯರು ನೀಡಿದ ಉಪನ್ಯಾಸದ ಬರಹ ರೂಪ)



ಕೂಟದ ಕಾರ್ಯದರ್ಶಿಗಳು ದೂರವಾಣಿ ಮಾಡಿ, “ಆರೋಗ್ಯದ ವಿಷಯವಾಗಿ ನಾಲ್ಕು ಮಾತನಾಡಿ” ಎಂದು ಕೇಳಿದಾಗ ನಾನು ಸಕ್ಕರೆ ಕಾಯಿಲೆಯನ್ನೋ ರಕ್ತದೊತ್ತಡವನ್ನೋ ಆರಿಸಿಕೊಳ್ಳುವೆನೆಂದು ಅವರು ಎಣಿಸಿದ್ದಿರಬೇಕು. ನಾನು ಆರಿಸಿಕೊಂಡದ್ದು ಒಂದೇ ಒಂದು ಪದವನ್ನು: ‘ಎಕ್ಸ್‌ಟ್ಯುಬೇಷನ್’. ಊಟ ಮುಗಿಸಿ ನೆಮ್ಮದಿಯಾಗಿ ಕುಳಿತಿರುವ ತಮ್ಮೆದುರಿಗೆ ಐ.ಸಿ.ಯು.ವಿನ ಮಾತನ್ನು ಎತ್ತುವುದಕ್ಕೆ ನನಗೂ ಸಂಕೋಚವಿದೆ. ಆದರೆ ಈ ಪದವು ನಮ್ಮ ಕಿವಿಗೆ ಬೀಳುವ ಹೊತ್ತಿನಲ್ಲಿ ಅದರ ಅರ್ಥವನ್ನು ಕಲಿಯುವ ವ್ಯವಧಾನ ಯಾರಿಗೂ ಇರುವುದಿಲ್ಲ. ಆದ್ದರಿಂದ ಮನಸ್ಸು ಶಾಂತವಾಗಿರುವ ಇಂಥ ಮಧ್ಯಾಹ್ನವೇ ಅದಕ್ಕೆ ತಕ್ಕ ಕಾಲವೆಂದು ಭಾವಿಸಿದ್ದೇನೆ.

ಕೆಲವು ವರ್ಷಗಳ ಹಿಂದೆ, ಮಧ್ಯರಾತ್ರಿಯ ವೇಳೆಗೆ, ಪರಿಚಿತ ಕುಟುಂಬದ ಹೆಣ್ಣುಮಗಳೊಬ್ಬಳು ನನಗೆ ಫೋನ್ ಮಾಡಿದಳು. ಬೇಸಿಗೆಯನ್ನು ಮಕ್ಕಳೊಡನೆ ಕಳೆಯಲೆಂದು ಊರಿನಿಂದ ಬಂದಿದ್ದ ಅವಳ ತಂದೆ ನ್ಯುಮೋನಿಯಾದಿಂದ ಐದು ದಿನ ವೆಂಟಿಲೇಟರಿನ ಮೇಲಿದ್ದರು. “ಡಾಕ್ಟ್ರೇ, ನಾಳೆ ಬೆಳಿಗ್ಗೆ ಅಪ್ಪಾಜಿಯ ಟ್ಯೂಬ್ ತೆಗೀತಾರಂತೆ. ನನ್ನ ತಮ್ಮನಿಗೆ ಇವತ್ತೇ ವಿಮಾನ ಹತ್ತು ಅಂತ ಹೇಳಿಬಿಡಲಾ?” ಎಂದು ಅಳುತ್ತಾ ಕೇಳಿದಳು. ನಾನು ಆಸ್ಪತ್ರೆಯ ವೈದ್ಯರೊಡನೆ ಮಾತನಾಡಿ ವಿಚಾರಿಸಿದೆ. ತಂದೆ ಗುಣಮುಖರಾಗುತ್ತಿದ್ದರು, ಸ್ವಂತವಾಗಿ ಉಸಿರಾಡಬಲ್ಲರೆಂದೇ ಕೊಳವೆಯನ್ನು ತೆಗೆಯಲಿದ್ದರು. ಮರುದಿನ ಮಧ್ಯಾಹ್ನ ಅವರು ಕೇಳಿದ ಮೊದಲ ವಸ್ತು ಬಿಸಿ ಕಾಫಿ. ಆ ಒಂದು ರಾತ್ರಿ ಮಾತ್ರ ಮಗಳು ಬದುಕಿದ್ದ ತಂದೆಗಾಗಿ ಅತ್ತಳು. ತಪ್ಪು ಅವಳದಲ್ಲ, ಆ ಪದವನ್ನು ಯಾರೂ ಅವಳಿಗೆ ಬಿಡಿಸಿ ಹೇಳಿರಲಿಲ್ಲ.

ಪದದ ಅರ್ಥ

ಲ್ಯಾಟಿನ್ ಭಾಷೆಯಲ್ಲಿ ‘ಟ್ಯೂಬಸ್’ ಎಂದರೆ ಕೊಳವೆ. ‘ಇನ್’ ಎಂದರೆ ಒಳಕ್ಕೆ, ‘ಎಕ್ಸ್’ ಎಂದರೆ ಹೊರಕ್ಕೆ. ಕೊಳವೆಯನ್ನು ಒಳಕ್ಕೆ ಸೇರಿಸುವುದು ಇನ್‌ಟ್ಯುಬೇಷನ್. ಹಾಗೆ ಸೇರಿಸಿದ್ದನ್ನು ಹೊರಕ್ಕೆ ತೆಗೆಯುವುದು ಎಕ್ಸ್‌ಟ್ಯುಬೇಷನ್. ಇಲ್ಲಿ ಎರಡು ಸೂಕ್ಷ್ಮಗಳನ್ನು ಗಮನಿಸಬೇಕು.

ಮೊದಲನೆಯದು, ತೆಗೆಯುತ್ತಿರುವುದು ವೈದ್ಯರೇ ಇಟ್ಟ ಕೊಳವೆಯನ್ನು, ದೇಹದ ಅಂಗವನ್ನಲ್ಲ. ಕನ್ನಡದಲ್ಲಿ ‘ತೆಗೆ’ ಎಂಬ ಒಂದೇ ಕ್ರಿಯಾಪದ ಎರಡಕ್ಕೂ ದುಡಿಯುತ್ತದೆ. “ಗರ್ಭಕೋಶ ತೆಗೆದರು” ಎನ್ನುತ್ತೇವೆ, “ಟ್ಯೂಬ್ ತೆಗೆದರು” ಎಂದೂ ಎನ್ನುತ್ತೇವೆ. ಹೆಂಗಸರ ಗರ್ಭನಾಳಗಳನ್ನು ಶಸ್ತ್ರಕ್ರಿಯೆಯಿಂದ ಕತ್ತರಿಸಿ ತೆಗೆಯುವುದಕ್ಕೂ ಆಡುಮಾತಿನಲ್ಲಿ ಟ್ಯೂಬ್ ತೆಗೆಸುವುದೆಂದೇ ಹೆಸರು. ಅದರ ವೈದ್ಯಕೀಯ ನಾಮ ಸಾಲ್ಪಿಂಜೆಕ್ಟಮಿ. ‘ಎಕ್ಟಮಿ’ ಎಂದು ಮುಗಿಯುವ ಪದಗಳಲ್ಲಿ ಕತ್ತರಿಸಿ ತೆಗೆಯುವ ಅರ್ಥವಿದೆ. ಎಕ್ಸ್‌ಟ್ಯುಬೇಷನ್ನಿನಲ್ಲಿ ಚಾಕುವಿನ ಸೋಂಕೇ ಇಲ್ಲ.

ಎರಡನೆಯದು, ರೋಗಿಯ ಮೈಮೇಲಿರುವ ಎಲ್ಲ ಕೊಳವೆಗಳಿಗೂ ಈ ಪದ ಸಲ್ಲದು. ರೂಢಿಯಲ್ಲಿ ಅದು ಬಾಯಿಯ ಮೂಲಕ, ಕೆಲವೊಮ್ಮೆ ಮೂಗಿನ ಮೂಲಕ, ಧ್ವನಿತಂತುಗಳ ನಡುವೆ ಹಾದು ಶ್ವಾಸನಾಳವನ್ನು ಸೇರುವ ಕೊಳವೆಗೆ ಮೀಸಲು. ವಯಸ್ಕರಲ್ಲಿ ಅದರ ಒಳವ್ಯಾಸ ಸಾಮಾನ್ಯವಾಗಿ 7ರಿಂದ 8 ಮಿಲಿಮೀಟರ್. ಕತ್ತಿನ ಮುಂಭಾಗದಲ್ಲಿ ರಂಧ್ರ ಮಾಡಿ ಇಡುವ ಕೊಳವೆ ಟ್ರೇಕಿಯಾಸ್ಟಮಿಯದು. ಅದನ್ನು ತೆಗೆಯುವುದು ಡಿಕ್ಯಾನ್ಯುಲೇಷನ್. ಮೂಗಿನಿಂದ ಜಠರಕ್ಕೆ ಇಳಿಸಿ ಆಹಾರ ಕೊಡುವ ಕೊಳವೆಯನ್ನು ನಮ್ಮೂರಿನ ಆಸ್ಪತ್ರೆಗಳಲ್ಲಿ ರೈಲ್ಸ್ ಟ್ಯೂಬ್ ಎನ್ನುತ್ತಾರೆ. ಅದನ್ನು ತೆಗೆದರೆ ಎಕ್ಸ್‌ಟ್ಯುಬೇಷನ್ ಎನ್ನುವ ವಾಡಿಕೆಯಿಲ್ಲ. ಆದ್ದರಿಂದ “ಟ್ಯೂಬ್ ತೆಗೆಯುತ್ತೇವೆ” ಎಂದು ವೈದ್ಯರು ಹೇಳಿದರೆ ನಮ್ಮ ಮೊದಲ ಪ್ರಶ್ನೆ, “ಯಾವ ಟ್ಯೂಬ್?” ಎಂಬುದಾಗಿರಬೇಕು.

ಪದದ ಇತಿಹಾಸ

ಈ ಕೊಳವೆಯ ಚರಿತ್ರೆಯ ಒಂದು ಮುಖ್ಯ ಅಧ್ಯಾಯ ನಮ್ಮ ನೆರೆಯ ನ್ಯೂಯಾರ್ಕ್ ನಗರದಲ್ಲೇ ನಡೆಯಿತು. 1880ರ ದಶಕದಲ್ಲಿ ಡಿಫ್ತೀರಿಯಾ, ಅಂದರೆ ನಮ್ಮ ಹಿರಿಯರು ಗಂಟಲಮಾರಿ ಎನ್ನುತ್ತಿದ್ದ ರೋಗ, ಮಕ್ಕಳ ಗಂಟಲಲ್ಲಿ ಪೊರೆ ಬೆಳೆಸಿ ಉಸಿರು ಕಟ್ಟಿಸಿ ಕೊಲ್ಲುತ್ತಿತ್ತು. ಅಲ್ಲಿನ ಅನಾಥ ಶಿಶುಗಳ ಆಸ್ಪತ್ರೆಯಾದ ನ್ಯೂಯಾರ್ಕ್ ಫೌಂಡ್ಲಿಂಗ್‌ನ ವೈದ್ಯ ಜೋಸೆಫ್ ಓಡ್ವೈಯರ್, ಮಗುವಿನ ಧ್ವನಿಪೆಟ್ಟಿಗೆಯೊಳಗೆ ಕೂರುವ ಪುಟ್ಟ ಲೋಹದ ಕೊಳವೆಗಳನ್ನು ರೂಪಿಸಿದರು. ಅವರ ಉಪಕರಣಗಳ ಪೆಟ್ಟಿಗೆಯಲ್ಲಿ ಕೊಳವೆಯನ್ನು ಸೇರಿಸಲು ಒಂದು ಸಾಧನ, ತೆಗೆಯಲು ಇನ್ನೊಂದು ಸಾಧನ ಇರುತ್ತಿತ್ತು. ಪೊರೆ ಕರಗಿ ಮಗು ತಾನಾಗಿ ಉಸಿರಾಡುವಂತಾದ ಮೇಲೆ ಎರಡನೆಯ ಸಾಧನ ಹೊರಬರುತ್ತಿತ್ತು. ಅಂದಿನ ತಾಯಂದಿರಿಗೆ ಕೊಳವೆ ತೆಗೆಯುವ ದಿನವೆಂದರೆ ಮಗು ಬದುಕಿದ ದಿನ.

ಮುಂದೆ 1952ರಲ್ಲಿ ಡೆನ್ಮಾರ್ಕಿನ ಕೋಪನ್‌ಹೇಗನ್ ನಗರದಲ್ಲಿ ಪೋಲಿಯೊ ಪಿಡುಗು ಹಬ್ಬಿತು. ಬ್ಯೋರ್ನ್ ಇಬ್ಸೆನ್ ಎಂಬ ಅರಿವಳಿಕೆ ತಜ್ಞರ ಸಲಹೆಯಂತೆ, ಉಸಿರಾಟದ ಸ್ನಾಯುಗಳು ಸೋತ ರೋಗಿಗಳ ಕತ್ತಿಗೆ ಕೊಳವೆಯಿಟ್ಟು, ವೈದ್ಯಕೀಯ ವಿದ್ಯಾರ್ಥಿಗಳು ಸರದಿಯ ಮೇಲೆ ಹಗಲಿರುಳೂ ಕೈಯಿಂದ ಗಾಳಿಚೀಲವನ್ನು ಒತ್ತುತ್ತಾ ಅವರನ್ನು ಉಸಿರಾಡಿಸಿದರು. ವಿದ್ಯಾರ್ಥಿಗಳ ಕೈಯ ಜಾಗಕ್ಕೆ ಯಂತ್ರ ಬಂದಿತು, ಇಂದಿನ ಐ.ಸಿ.ಯು. ಹುಟ್ಟಿತು. ಆದರೆ ಆ ಯಂತ್ರಕ್ಕೆ ಗುಣವಾಗುವ ರೋಗಿ ಯಾರು, ಎಂದಿಗೂ ಗುಣವಾಗದ ರೋಗಿ ಯಾರು ಎಂಬ ವಿವೇಚನೆಯಿಲ್ಲ. ಇಬ್ಬರನ್ನೂ ಅದು ಸಮನಾಗಿ ಉಸಿರಾಡಿಸುತ್ತದೆ. ಕೊಳವೆ ತೆಗೆಯುವುದೆಂಬ ಮಾತಿಗೆ ಎರಡನೆಯ ಅರ್ಥವೊಂದು ಸೇರಿಕೊಂಡದ್ದು ಅಂದಿನಿಂದ.

ಮೊದಲನೆಯ ಬಳಕೆ: ಚೇತರಿಕೆಯ ಮೆಟ್ಟಿಲು

ಬಹುಪಾಲು ಎಕ್ಸ್‌ಟ್ಯುಬೇಷನ್‌ಗಳು ಶುಭವಾರ್ತೆಗಳೇ. ಶಸ್ತ್ರಚಿಕಿತ್ಸೆಯ ಅರಿವಳಿಕೆ ಇಳಿದೊಡನೆ ಪ್ರತಿನಿತ್ಯ ಸಾವಿರಾರು ಮಂದಿಯ ಕೊಳವೆಯನ್ನು ತೆಗೆಯುತ್ತಾರೆ. ಎಚ್ಚರವಾದಾಗ ಗಂಟಲು ಕೆರೆಯುವುದರ ಹೊರತು ಅವರಿಗೆ ಅದರ ನೆನಪೇ ಇರುವುದಿಲ್ಲ. ಹಲವು ದಿನ ಯಂತ್ರದ ಮೇಲಿದ್ದವರ ವಿಷಯದಲ್ಲಿ ಮಾತ್ರ ಎಚ್ಚರಿಕೆ ಬೇಕು. ಹಸುಗೂಸಿಗೆ ಹಾಲು ಬಿಡಿಸುವಂತೆ ಯಂತ್ರದ ಆಸರೆಯನ್ನು ಮೆಲ್ಲಗೆ ಬಿಡಿಸುತ್ತಾರೆ. ಇಂಗ್ಲಿಷಿನಲ್ಲೂ ಅದಕ್ಕೆ ಹಾಲು ಬಿಡಿಸುವುದೆಂಬ ಅರ್ಥದ ‘ವೀನಿಂಗ್’ ಎಂಬ ಪದವೇ ಇದೆ. ಕೊನೆಗೆ, ಕೊಳವೆಯನ್ನು ಹಾಗೆಯೇ ಉಳಿಸಿ, ಅರ್ಧ ಗಂಟೆಯಿಂದ ಎರಡು ಗಂಟೆಯವರೆಗೆ ಯಂತ್ರದ ನೆರವನ್ನು ಅತಿ ಕಡಿಮೆ ಮಾಡಿ ಪರೀಕ್ಷಿಸುತ್ತಾರೆ. ರೋಗಿ ಎಚ್ಚರವಾಗಿದ್ದಾನೆಯೇ, ಕೆಮ್ಮಿ ಕಫ ಹೊರಹಾಕಬಲ್ಲನೇ, ಆಮ್ಲಜನಕದ ಮಟ್ಟ ನಿಂತಿದೆಯೇ, ಉಸಿರು ತೀರ ವೇಗವಾಗಿ ಮೇಲುಮೇಲಕ್ಕೆ ಆಡುತ್ತಿದೆಯೇ ಎಂಬುದನ್ನೆಲ್ಲ ನೋಡಿಯೇ ನಿರ್ಧಾರ.

ಇಷ್ಟಾದರೂ ಐ.ಸಿ.ಯು. ರೋಗಿಗಳಲ್ಲಿ ನೂರಕ್ಕೆ ಸುಮಾರು 10ರಿಂದ 20 ಮಂದಿಗೆ ಕೆಲವೇ ದಿನಗಳಲ್ಲಿ ಮತ್ತೆ ಕೊಳವೆ ಬೇಕಾಗಬಹುದು. ಆದ್ದರಿಂದ ತೆಗೆದ ಮೊದಲ ದಿನ ಅತಿಯಾಗಿ ಹಿಗ್ಗುವುದೂ ಬೇಡ. ಮತ್ತೆ ಇಟ್ಟರೆಂದ ಮಾತ್ರಕ್ಕೆ ಎಲ್ಲವೂ ಮುಗಿಯಿತೆಂದು ಕುಗ್ಗುವುದೂ ಬೇಡ. ಗೃಹಿಣಿಯರಲ್ಲಿ ನನ್ನದೊಂದು ವಿನಂತಿ: ಕೊಳವೆ ತೆಗೆದೊಡನೆ ಪ್ರೀತಿಯಿಂದ ಗಂಜಿಯನ್ನೋ ನೀರನ್ನೋ ಕುಡಿಸಲು ಹೋಗಬೇಡಿ. ಧ್ವನಿತಂತುಗಳ ನಡುವೆ ದಿನಗಟ್ಟಲೆ ಕೊಳವೆಯಿದ್ದ ಗಂಟಲು ನುಂಗುವುದನ್ನು ಕೊಂಚ ಮರೆತಿರುತ್ತದೆ. ಗಂಜಿ ಅನ್ನನಾಳಕ್ಕೆ ಇಳಿಯದೆ ಶ್ವಾಸಕೋಶಕ್ಕೆ ಹೋದರೆ ಹೊಸ ನ್ಯುಮೋನಿಯಾ ಬರುತ್ತದೆ. ನರ್ಸಮ್ಮನ ಅನುಮತಿ ಪಡೆದ ಮೇಲೆಯೇ ಕುಡಿಸಿ.

ಎರಡನೆಯ ಬಳಕೆ: ವಿದಾಯದ ಬಾಗಿಲು

ರೋಗ ಗುಣವಾಗದೆಂದು ವೈದ್ಯರಿಗೆ ಖಚಿತವಾಗಿ, ರೋಗಿಯ ಇಚ್ಛೆಗೆ ಯಂತ್ರದ ಬಾಳು ಒಪ್ಪುವುದಿಲ್ಲವೆಂದು ಮನೆಯವರಿಗೂ ಖಚಿತವಾದಾಗ, ಇದೇ ಕೊಳವೆಯನ್ನು ಬೇರೆಯ ಉದ್ದೇಶದಿಂದ ತೆಗೆಯುತ್ತಾರೆ. ಅದನ್ನು ‘ಕಂಪ್ಯಾಷನೇಟ್’ ಅಥವಾ ‘ಪ್ಯಾಲಿಯೇಟಿವ್ ಎಕ್ಸ್‌ಟ್ಯುಬೇಷನ್’ ಎನ್ನುತ್ತಾರೆ. ಹಿಂದೆ ‘ಟರ್ಮಿನಲ್’ ಎನ್ನುವುದೇ ಹೆಚ್ಚಾಗಿತ್ತು. ಕನ್ನಡದಲ್ಲಿ ‘ಕರುಣೆಯಿಂದ ಕೊಳವೆ ತೆಗೆಯುವುದು’ ಎನ್ನಬಹುದು. ಕೊಳವೆ ತೆಗೆಯುವ ಮುನ್ನವೇ ಉಸಿರುಕಟ್ಟುವ ಸಂಕಟ ತಿಳಿಯದಂತೆ ಮಾರ್ಫೀನ್ ಮುಂತಾದ ಔಷಧಗಳನ್ನು ಕೊಡುತ್ತಾರೆ, ಯಂತ್ರಗಳ ಗಂಟೆಗಳನ್ನು ನಿಲ್ಲಿಸುತ್ತಾರೆ, ಬಂಧುಗಳನ್ನು ಹಾಸಿಗೆಯ ಬಳಿಗೆ ಕರೆಯುತ್ತಾರೆ. ಆಮೇಲೆ ಪ್ರಾಣ ಕೆಲವು ನಿಮಿಷ ಇರಬಹುದು, ಗಂಟೆಗಳು ಇರಬಹುದು, ಒಮ್ಮೊಮ್ಮೆ ದಿನಗಳೇ ಇರಬಹುದು. ಆ ಅವಧಿಯನ್ನು ನಿರ್ಧರಿಸುವುದು ರೋಗ. ವೈದ್ಯನಲ್ಲ, ಸಹಿ ಹಾಕಿದ ಮಗನೂ ಅಲ್ಲ.

ನಮ್ಮವರಿಗೆ ಮುಖ್ಯವೆನಿಸುವ ಒಂದು ಸಂಗತಿಯನ್ನು ಇಲ್ಲಿ ಹೇಳಬೇಕು. ಬಾಯಲ್ಲಿ ಕೊಳವೆಯಿರುವಾಗ ರೋಗಿ ಮಾತನಾಡಲಾರ. ಧ್ವನಿತಂತುಗಳ ನಡುವೆ ಅದು ಕುಳಿತಿರುತ್ತದೆ. ಬಾಯಿಗೆ ತುಳಸಿ ತೀರ್ಥ ಬಿಡಬೇಕೆಂಬ ನಮ್ಮ ಆಸೆಯೂ ಈಡೇರದು. ಕೊಳವೆ ತೆಗೆದ ಮೇಲೆ, ಹತ್ತಿಯನ್ನು ತೀರ್ಥದಲ್ಲಿ ಅದ್ದಿ ತುಟಿ ನೆನೆಸಬಹುದು. ಮುಖವನ್ನು ಮುಖವಾಗಿ ನೋಡಬಹುದು. ಇದನ್ನು ಮೊದಲೇ ಕೇಳಿಕೊಂಡರೆ ಇಲ್ಲಿನ ದಾದಿಯರು ಸಾಮಾನ್ಯವಾಗಿ ಸಂತೋಷದಿಂದ ನೆರವಾಗುತ್ತಾರೆ.

ಈ ಎರಡು ಅರ್ಥಗಳ ನಡುವಿನ ಕಂದಕಕ್ಕೆ ಸ್ವತಃ ನಾನೇ ಬಿದ್ದಿದ್ದೇನೆ. 2012ರಲ್ಲಿ ನನ್ನ ತಾಯಿ ಊರಿನಲ್ಲಿ ಮಿದುಳಿನ ರಕ್ತಸ್ರಾವದಿಂದ ಆಸ್ಪತ್ರೆ ಸೇರಿದ್ದರು. ವಿಮಾನದ ಟಿಕೆಟ್ಟಿಗಾಗಿ ಪರದಾಡುತ್ತಿದ್ದಾಗ ಅಣ್ಣನ ಫೋನ್ ಬಂತು: “ನಾಳೆ ಟ್ಯೂಬ್ ತೆಗೆದು ಮನೆಗೆ ಕಳಿಸ್ತಾರಂತೆ ಕಣೋ.” ಅಮೆರಿಕದ ಐ.ಸಿ.ಯು.ವಿನಲ್ಲಿ ಪಳಗಿದ ನನ್ನ ಕಿವಿಗೆ ಅದು ಮಂಗಳವಾರ್ತೆಯಾಗಿ ಕೇಳಿಸಿತು. “ಒಳ್ಳೇದಾಯ್ತಲ್ಲಣ್ಣ!” ಎಂದುಬಿಟ್ಟೆ. ಆ ಕಡೆ ಬಹಳ ಹೊತ್ತು ಮಾತಿಲ್ಲ. ಆಮೇಲೆ ಅಣ್ಣ ಮೆಲ್ಲಗೆ ಹೇಳಿದ: “ಮನೆಗೆ ಅಂದ್ರೆ... ಮನೇಲೇ ಹೋಗ್ಲಿ ಅಂತ.” ಕೊಳವೆಗಳ ವಿಷಯದಲ್ಲಿ ಇಪ್ಪತ್ತು ವರ್ಷ ದುಡಿದ ನನಗೆ ನನ್ನ ತಾಯಿಯ ಕೊಳವೆಯ ಅರ್ಥ ತಿಳಿದಿರಲಿಲ್ಲ. ಅಣ್ಣ ನನ್ನ ಮಾತನ್ನು ಎಂದೂ ಎತ್ತಿ ಆಡಲಿಲ್ಲ. ನಾನು ಮಾತ್ರ ಮರೆತಿಲ್ಲ.

ನ್ಯೂಜೆರ್ಸಿ ಕಲಿಸಿದ ಪಾಠ

ಗುಣವಾಗದ ರೋಗಿಯ ಕೊಳವೆ ತೆಗೆದರೆ ಅದು ಕೊಲೆಯಾಗುವುದಿಲ್ಲವೇ ಎಂದು ನಮ್ಮ ಹಿರಿಯರು ಕೇಳುತ್ತಾರೆ. ಈ ಪ್ರಶ್ನೆಯನ್ನು ಇಡೀ ಅಮೆರಿಕಕ್ಕೇ ಮೊದಲಿಗೆ ಎದುರಿಸಿ ಉತ್ತರಿಸಿದ್ದು ನಾವು ವಾಸಿಸುತ್ತಿರುವ ಈ ರಾಜ್ಯ. 1975ರ ಏಪ್ರಿಲ್‌ನಲ್ಲಿ, ಕ್ಯಾರೆನ್ ಆ್ಯನ್ ಕ್ವಿನ್ಲನ್ ಎಂಬ 21 ವರ್ಷದ ಯುವತಿ ಪ್ರಜ್ಞೆ ತಪ್ಪಿ ಬಿದ್ದಳು. ಉಸಿರು ನಿಂತು ಮಿದುಳಿಗೆ ತೀವ್ರ ಪೆಟ್ಟಾಗಿತ್ತು. ಇಲ್ಲಿಂದ ಸುಮಾರು ಒಂದು ಗಂಟೆಯ ಹಾದಿಯಲ್ಲಿರುವ ಡೆನ್ವಿಲ್‌ನ ಸೇಂಟ್ ಕ್ಲೇರ್ಸ್ ಆಸ್ಪತ್ರೆಯಲ್ಲಿ ಅವಳು ಯಂತ್ರದ ಮೇಲೆ ಉಳಿದಳು. ಯಂತ್ರವನ್ನು ನಿಲ್ಲಿಸಿರೆಂದು ತಂದೆ ಜೋಸೆಫ್, ತಾಯಿ ಜೂಲಿಯಾ ಕೇಳಿದಾಗ ವೈದ್ಯರು ಒಪ್ಪಲಿಲ್ಲ. ಅದೇ ನವೆಂಬರಿನಲ್ಲಿ ಕೆಳಗಿನ ನ್ಯಾಯಾಲಯವೂ ನಿರಾಕರಿಸಿತು. 1976ರ ಮಾರ್ಚ್ 31ರಂದು ರಾಜ್ಯದ ಸುಪ್ರೀಂ ಕೋರ್ಟ್, ಮುಖ್ಯ ನ್ಯಾಯಾಧೀಶ ರಿಚರ್ಡ್ ಹ್ಯೂಸ್ ಬರೆದ ಏಕಮತದ ತೀರ್ಪಿನಲ್ಲಿ, ಬೇಡದ ಚಿಕಿತ್ಸೆಯನ್ನು ನಿರಾಕರಿಸುವ ಹಕ್ಕು ಅವಳಿಗಿದೆ, ಅವಳ ಪರವಾಗಿ ತಂದೆ ಅದನ್ನು ಚಲಾಯಿಸಬಹುದು ಎಂದಿತು.

ಆ ಮೇ ತಿಂಗಳಲ್ಲಿ ಅವಳನ್ನು ಯಂತ್ರದಿಂದ ಬಿಡಿಸಿದರು. ಎಲ್ಲರೂ ಸಾವನ್ನು ನಿರೀಕ್ಷಿಸಿದ್ದರು. ಅವಳು ತಾನಾಗಿ ಉಸಿರಾಡತೊಡಗಿದಳು. ಪ್ರಜ್ಞೆ ಮರಳಲಿಲ್ಲ, ಆದರೆ ಒಂಬತ್ತು ವರ್ಷಗಳ ನಂತರ, 1985ರ ಜೂನ್ 11ರಂದು, ನ್ಯುಮೋನಿಯಾದಿಂದ ತೀರಿಕೊಂಡಳು. ಪದದ ದೃಷ್ಟಿಯಿಂದಲೂ ಈ ಪ್ರಕರಣ ಗಮನಾರ್ಹ. ಅವಳಿಗಿದ್ದದ್ದು ಕತ್ತಿನ ಕೊಳವೆಯಾದ್ದರಿಂದ ನಡೆದದ್ದು ‘ವೀನಿಂಗ್’, ಎಕ್ಸ್‌ಟ್ಯುಬೇಷನ್ ಅಲ್ಲ. ಆಹಾರದ ಕೊಳವೆಯನ್ನು ತೆಗೆಯಬೇಕೆಂದು ತಂದೆತಾಯಿ ಕೇಳಲೇ ಇಲ್ಲ. ಯಂತ್ರ ಬಿಡಿಸುವುದೇ ಕೊಲ್ಲುವುದಾಗಿದ್ದರೆ ಕ್ಯಾರೆನ್ ಅಂದೇ ಸಾಯಬೇಕಾಗಿತ್ತು. ರೋಗಕ್ಕೆ ಅಡ್ಡ ನಿಂತ ಯಂತ್ರವನ್ನು ಸರಿಸುವುದು ಬೇರೆ, ಪ್ರಾಣ ತೆಗೆಯುವುದು ಬೇರೆ ಎಂಬುದನ್ನು ಆ ಹುಡುಗಿಯ ಒಂಬತ್ತು ವರ್ಷಗಳೇ ತೋರಿಸಿಕೊಟ್ಟವು.

ಆಹಾರದ ಕೊಳವೆಯ ಪ್ರಶ್ನೆ ಬಂದದ್ದು ಕ್ಲೇರ್ ಕಾನ್‌ರಾಯ್ ಎಂಬ 84 ವರ್ಷದ ವೃದ್ಧೆಯ ಪ್ರಕರಣದಲ್ಲಿ. ಮೂಗಿನ ಕೊಳವೆಯನ್ನು ತೆಗೆಯಲು ಅವರ ಸೋದರಳಿಯ ನ್ಯಾಯಾಲಯಕ್ಕೆ ಹೋದರು. ಮೇಲ್ಮನವಿ ನಡೆಯುತ್ತಿರುವಾಗಲೇ, 1983ರಲ್ಲಿ, ಕೊಳವೆಯೊಡನೆಯೇ ಆಕೆ ತೀರಿಕೊಂಡರು. ಆದರೂ ರಾಜ್ಯದ ಸುಪ್ರೀಂ ಕೋರ್ಟ್ 1985ರ ಜನವರಿಯಲ್ಲಿ ತೀರ್ಪಿತ್ತು, ಕೊಳವೆಯ ಮೂಲಕ ಕೊಡುವ ಆಹಾರವೂ ಉಸಿರಿನ ಯಂತ್ರದಂತೆಯೇ ಒಂದು ಚಿಕಿತ್ಸೆ, ನಿಯಮಗಳಿಗೆ ಒಳಪಟ್ಟು ಅದನ್ನೂ ನಿಲ್ಲಿಸಬಹುದು ಎಂದಿತು. ‘ಅನ್ನ ನಿಲ್ಲಿಸುವುದು’ ಎಂಬ ಮಾತಿಗೆ ಬೆಚ್ಚುವ ನಮಗೆ ಇದು ಕಠಿಣವಾಗಿ ಕಾಣಬಹುದು. ಆದ್ದರಿಂದಲೇ ಯಾವ ಕೊಳವೆ ಎಂದು ಬಿಡಿಸಿ ಕೇಳಿ, ಒಂದೊಂದಕ್ಕೂ ಬೇರೆಯಾಗಿ ಉತ್ತರ ಕೊಡುವ ಹಕ್ಕು ನಮಗಿದೆ ಎಂಬುದನ್ನು ನೆನಪಿಡಬೇಕು.

ತಾಯ್ನಾಡಿನಲ್ಲಿ

ಭಾರತದಲ್ಲಿ ಈ ಚರ್ಚೆಯ ಕೇಂದ್ರದಲ್ಲಿದ್ದವರು ಉತ್ತರ ಕನ್ನಡ ಜಿಲ್ಲೆಯ ಹಳದೀಪುರದ ಹೆಣ್ಣುಮಗಳು ಅರುಣಾ ಶಾನಭಾಗ್. ಮುಂಬಯಿಯ ಕೆ.ಇ.ಎಂ. ಆಸ್ಪತ್ರೆಯಲ್ಲಿ ದಾದಿಯಾಗಿದ್ದ ಅವರು 1973ರ ನವೆಂಬರಿನಲ್ಲಿ ಅಲ್ಲಿನ ನೌಕರನೊಬ್ಬನ ಕ್ರೂರ ಹಲ್ಲೆಗೆ ತುತ್ತಾಗಿ ಮತ್ತೆ ಚೇತರಿಸಿಕೊಳ್ಳಲಿಲ್ಲ. ಸಹೋದ್ಯೋಗಿ ದಾದಿಯರು ತಲೆಮಾರುಗಳಾಚೆಗೂ ಅವರನ್ನು ಸಾಕಿದರು. ಬಹುಕಾಲ ಬಾಯಿಂದಲೇ ಉಣಿಸಿದರು. ಅವರ ಪರವಾಗಿ ಸಲ್ಲಿಸಿದ್ದ ಅರ್ಜಿಯನ್ನು 2011ರ ಮಾರ್ಚ್ 7ರಂದು ಸುಪ್ರೀಂ ಕೋರ್ಟ್ ತಿರಸ್ಕರಿಸಿತು. ಆದರೆ ಚಿಕಿತ್ಸೆಯನ್ನು ಹಿಂತೆಗೆದುಕೊಳ್ಳುವುದು ತಾತ್ತ್ವಿಕವಾಗಿ ಸಾಧ್ಯ, ಅದಕ್ಕೆ ಹೈಕೋರ್ಟಿನ ಅನುಮತಿ ಬೇಕು ಎಂದೂ ಹೇಳಿತು. ಅರುಣಾ 2015ರ ಮೇ 18ರಂದು ನ್ಯುಮೋನಿಯಾದಿಂದ ನಿಧನರಾದರು. ಹೈಕೋರ್ಟಿಗೆ ಹೋಗುವ ಚೈತನ್ಯ ಎಷ್ಟು ಕುಟುಂಬಗಳಿಗಿದ್ದೀತು? ‘ಮನೆಗೆ ಕಳಿಸುವುದು’ ಎಂಬ ಮಾತಿನ ಹಿಂದೆ ಇಂಥ ಅಸಹಾಯಕತೆ ಇತ್ತೆಂಬುದು ಅಮ್ಮನ ವಿಷಯದಲ್ಲಿ ನನಗೆ ತಡವಾಗಿ ಅರಿವಾಯಿತು.

2018ರ ಮಾರ್ಚ್ 9ರಂದು ಐವರು ನ್ಯಾಯಮೂರ್ತಿಗಳ ಪೀಠ, ಘನತೆಯಿಂದ ಸಾಯುವುದೂ ಬದುಕುವ ಹಕ್ಕಿನ ಭಾಗವೆಂದು ಹೇಳಿ, ಮುಂಗಡ ಇಚ್ಛಾಪತ್ರಕ್ಕೆ ಮಾನ್ಯತೆ ಕೊಟ್ಟಿತು. 2023ರ ಜನವರಿಯಲ್ಲಿ ಅದರ ವಿಧಿಗಳು ಸರಳವಾದವು: ಇಚ್ಛಾಪತ್ರಕ್ಕೆ ಮ್ಯಾಜಿಸ್ಟ್ರೇಟರ ಸಹಿಯ ಬದಲು ನೋಟರಿಯ ಅಥವಾ ಗೆಜೆಟೆಡ್ ಅಧಿಕಾರಿಯ ದೃಢೀಕರಣ ಸಾಕಾಯಿತು, ಚಿಕಿತ್ಸೆ ಹಿಂತೆಗೆಯುವ ನಿರ್ಧಾರವನ್ನು ಎರಡು ವೈದ್ಯಮಂಡಳಿಗಳು ಪರಿಶೀಲಿಸಬೇಕು. ಇದನ್ನು ಆಚರಣೆಗೆ ತರಲು ಕರ್ನಾಟಕ ಸರ್ಕಾರ 2025ರ ಜನವರಿ ಕೊನೆಯಲ್ಲಿ ಸುತ್ತೋಲೆ ಹೊರಡಿಸಿತು. ಪತ್ರಿಕೆಗಳು ಇದನ್ನೆಲ್ಲ ‘ದಯಾಮರಣ’ ಎಂಬ ಒಂದೇ ಪದದಲ್ಲಿ ಕಟ್ಟಿಹಾಕುವುದುಂಟು. ವಿಷದ ಚುಚ್ಚುಮದ್ದು ಕೊಡುವುದಕ್ಕೂ ಕೊಳವೆ ತೆಗೆದು ರೋಗವನ್ನು ಅದರ ಹಾದಿಗೆ ಬಿಡುವುದಕ್ಕೂ ಒಂದೇ ಹೆಸರಿಟ್ಟರೆ ಮಕ್ಕಳ ಎದೆಯಲ್ಲಿ ಅಪರಾಧಭಾವ ಉಳಿಯದೆ ಏನಾದೀತು?

ಕೇಳಬೇಕಾದ ಪ್ರಶ್ನೆಗಳು

ಆದ್ದರಿಂದ ಎಕ್ಸ್‌ಟ್ಯುಬೇಷನ್ ಎಂಬ ಮಾತು ಕಿವಿಗೆ ಬಿದ್ದಾಗ ಈ ನಾಲ್ಕನ್ನು ಕೇಳಿ. ಯಾವ ಕೊಳವೆಯನ್ನು ತೆಗೆಯುತ್ತೀರಿ? ಗುಣವಾಗುತ್ತಿರುವುದರಿಂದ ತೆಗೆಯುತ್ತೀರೋ, ಗುಣವಾಗದೆಂದು ತೆಗೆಯುತ್ತೀರೋ? ತೆಗೆದ ಮೇಲೆ ಉಸಿರು ಸೋತರೆ ಮತ್ತೆ ಇಡುತ್ತೀರಾ, ಇಲ್ಲವೇ? ನೋವು, ಸಂಕಟ ಆಗದಂತೆ ಏನು ಮಾಡುತ್ತೀರಿ? ರೋಗಿಗೆ ಇಂಗ್ಲಿಷ್ ಬಾರದಿದ್ದರೆ ಕನ್ನಡ ದುಭಾಷಿಯನ್ನು ಕೇಳಿ ಪಡೆಯಿರಿ. ದೂರವಾಣಿಯ ಮೂಲಕವಾದರೂ ಒದಗಿಸಿಯಾರು. ಹತ್ತು ವರ್ಷದ ಮೊಮ್ಮಗನ ಬಾಯಿಂದ ಈ ಪದವನ್ನು ಅಜ್ಜಿಗೆ ಅನುವಾದ ಮಾಡಿಸಬೇಡಿ.

ಇನ್ನೊಂದು ಕೆಲಸವನ್ನು ಇಂದೇ ಮಾಡಬಹುದು. ನ್ಯೂಜೆರ್ಸಿಯ 1991ರ ಕಾಯಿದೆಯಂತೆ, ನಮಗೆ ಮಾತು ನಿಂತಾಗ ನಮ್ಮ ಪರವಾಗಿ ನಿರ್ಧರಿಸುವ ಪ್ರತಿನಿಧಿಯನ್ನು ಬರಹದಲ್ಲಿ ನೇಮಿಸಬಹುದು. ಇಬ್ಬರು ವಯಸ್ಕ ಸಾಕ್ಷಿಗಳ ಸಹಿ ಸಾಕು, ಪ್ರತಿನಿಧಿಯೇ ಸಾಕ್ಷಿಯಾಗುವಂತಿಲ್ಲ, ವಕೀಲರು ಬೇಕೇ ಬೇಕೆಂದಿಲ್ಲ. ಊರಿನಿಂದ ಬರುವ ತಂದೆತಾಯಿಯರನ್ನು ವಿಮಾನ ನಿಲ್ದಾಣದಿಂದ ಕರೆತರುವಾಗಲೇ ಈ ಮಾತೆತ್ತಿರೆಂದು ನಾನು ಹೇಳುವುದಿಲ್ಲ. ಆದರೆ ಒಂದು ಭಾನುವಾರ, ಕಾಫಿಯ ಹೊತ್ತಿನಲ್ಲಿ, “ಅಮ್ಮಾ, ನಿನಗೆ ಹಾಗೇನಾದರೂ ಆದರೆ ನಾವು ಏನು ಮಾಡಬೇಕು?” ಎಂದು ಕೇಳಿ. ಅವರು ಮೊದಲು ಗದರಬಹುದು, ಆಮೇಲೆ ಹೇಳುತ್ತಾರೆ. ಅವರಿಗೆ ನಮಗಿಂತ ಹೆಚ್ಚು ಧೈರ್ಯವಿದೆ. ನಾನು ನನ್ನ ತಾಯಿಯನ್ನು ಕೇಳಲಿಲ್ಲ. ಅಣ್ಣ ಕೇಳಿದ್ದನಂತೆ. ಅವನಿಗೆ ಉತ್ತರ ಗೊತ್ತಿದ್ದುದರಿಂದಲೇ ಆ ರಾತ್ರಿ ಅವನು ನನಗಿಂತ ದೃಢವಾಗಿದ್ದ.